ಒಂದೇ ಸ್ಟುಡಿಯೊ ಇದ್ದ ದೇಶದ ಕ್ಯಾಮೆರಾಮನ್

ಪ್ರಶ್ನೆ: ಕಮ್ಯುನಿಸ್ಟ್ ಆಳ್ವಿಕೆಯ ಅಲ್ಬೇನಿಯಾದಲ್ಲಿ ಎಲ್ಲವೂ ಸರ್ಕಾರದ ಹಿಡಿತದಲ್ಲಿತ್ತು ಎನ್ನುತ್ತಾರೆ. ಅಲ್ಲಿ ಸಿನಿಮಾ ಕ್ಯಾಮೆರಾಮನ್ ಆದವನಿಗೆ ತನ್ನದು ಎನ್ನುವಂಥ ಕೆಲಸ ಮಾಡಲು ಸಾಧ್ಯವಿತ್ತೇ?

ಉತ್ತರ: ಸಾಧ್ಯವಿತ್ತು. ವಿಕ್ಟರ್ ಗ್ಯಿಕಾ ಅವರನ್ನೇ ನೋಡಿ. 1937ರಲ್ಲಿ ಕೊರ್ಚದಲ್ಲಿ ಹುಟ್ಟಿದ ಅವರು ಛಾಯಾಗ್ರಹಣ ಕಲಿತದ್ದು ಮಾಸ್ಕೋದ ವಿಜಿಐಕೆ ಸಿನಿಮಾ ಶಾಲೆಯಲ್ಲಿ. 1961ರಲ್ಲಿ ಅಲ್ಬೇನಿಯಾ ಮತ್ತು ಸೋವಿಯತ್ ಒಕ್ಕೂಟದ ನಂಟು ಕಡಿದುಬಿತ್ತು, ಆ ಶಾಲೆಯ ದಾರಿಯೂ ಮುಚ್ಚಿತು. ಸಿನಿಮಾದವರಿಗೆ ದೇಶದಲ್ಲಿ ಕೆಲಸವಿದ್ದದ್ದು ಒಂದೇ ಕಡೆ, 1952ರಲ್ಲಿ ಟಿರಾನಾದಲ್ಲಿ ಶುರುವಾದ ‘ಹೊಸ ಅಲ್ಬೇನಿಯಾ’ ಕಿನೊಸ್ಟುಡಿಯೊದಲ್ಲಿ. ಸಂಬಳವೂ ಸರ್ಕಾರದ್ದು, ಚಿತ್ರಕಥೆಗೆ ಒಪ್ಪಿಗೆಯೂ ಸರ್ಕಾರದ್ದು. ಇನ್ನೊಬ್ಬ ನಿರ್ಮಾಪಕನನ್ನು ಹುಡುಕಿಕೊಂಡು ಹೋಗುವ ಮಾತೇ ಇರಲಿಲ್ಲ.

ಗ್ಯಿಕಾ ಕ್ಯಾಮೆರಾದಿಂದ ಬೇಗನೆ ನಿರ್ದೇಶನಕ್ಕೆ ಬಂದರು. ಮಾಸ್ಕೋದಲ್ಲೇ ಓದಿದ್ದ ದಿಮಿತರ್ ಅನಾಗ್ನೋಸ್ತಿ ಜತೆ 1966ರಲ್ಲಿ ‘ಬೆಳಕಿನ ಕಮಿಸಾರ್’ ಮಾಡಿದರು. ನಾಲ್ಕು ವರ್ಷದ ಮೇಲೆ ಬಂದ ‘ಕಂಚಿನಲ್ಲಿ ಎಂಟನೆಯವನು’ ಚಿತ್ರದ ಕಟ್ಟೋಣವೇ ಬೇರೆ. ಯುದ್ಧದಲ್ಲಿ ಮಡಿದ ವೀರನೊಬ್ಬನ ಕಂಚಿನ ಪ್ರತಿಮೆಯನ್ನು ಅವನ ಹಳ್ಳಿಗೆ ಒಯ್ಯುತ್ತಿದ್ದಾರೆ. ಜತೆಗಿರುವ ಏಳು ಜನ ತಾವು ಕಂಡ ಅವನನ್ನು ನೆನೆಯುತ್ತಾರೆ. ವೀರನ ಕಥೆ ಹೇಳಬೇಕೆಂಬುದು ಪಕ್ಷದ ಬಯಕೆ. ಅವನನ್ನು ಎಷ್ಟು ಕಣ್ಣುಗಳಿಂದ ನೋಡಬೇಕೆಂಬುದನ್ನು ತೀರ್ಮಾನಿಸಿದ್ದು ಸಿನಿಮಾ ಮಾಡಿದವರು.

ನನಗೆ ಇನ್ನೂ ಹೆಚ್ಚು ಇಷ್ಟವಾದದ್ದು 1974ರ ‘ಬಿಳಿಯ ಹಾದಿಗಳು’. ನಟ ರಿಕಾರ್ಡ್ ಲ್ಯಾರ್ಯಾ ಅವರದು ಇದರಲ್ಲಿ ಟೆಲಿಫೋನ್ ಲೈನ್‌ಮನ್ ಪಾತ್ರ. ಹಿಮ ಕವಿದ ಬೆಟ್ಟದಲ್ಲಿ ತಂತಿ ಸರಿಪಡಿಸಲು ಹೋಗಿ ಪ್ರಾಣ ಬಿಡುತ್ತಾನೆ. ಹಿಮದಲ್ಲಿ ಚಿತ್ರೀಕರಣ ಎಂದರೆ ಕ್ಯಾಮೆರಾಮನ್‌ಗೆ ಸತ್ವಪರೀಕ್ಷೆ. ಬೆಳಕು ಅಳೆಯುವ ಮೀಟರ್ ಹಿಮದಿಂದ ಬರುವ ಬೆಳಕನ್ನೂ ಬೂದು ಬಣ್ಣದ ಲೆಕ್ಕಕ್ಕೇ ಹಿಡಿಯುತ್ತದೆ. ಅದು ಹೇಳಿದಂತೆ ತೆಗೆದರೆ ಹಿಮ ಮಂಕಾಗಿ ಮುಖ ಕಪ್ಪಿಡುತ್ತದೆ. ಹಾಗೆಂದು ಲೆನ್ಸಿನ ಕಿಂಡಿಯಾದ ಅಪರ್ಚರನ್ನು ಒಂದೆರಡು ಸ್ಟಾಪ್‌ಗಿಂತ (ಒಂದು ಸ್ಟಾಪ್ ಎಂದರೆ ಬೆಳಕು ಇಮ್ಮಡಿ) ಹೆಚ್ಚು ತೆರೆದರೆ ಹೆಜ್ಜೆಗುರುತು, ಹಿಮದ ಮೇಲಿನ ಗೆರೆ ಎಲ್ಲ ಅಳಿಸಿಹೋಗಿ ಪರದೆ ತುಂಬ ಬರೀ ಬಿಳುಪು. ಈ ಕಥೆಗೋ ಎರಡೂ ಬೇಕು. ದಣಿದ ಮುಖ ಕಾಣಬೇಕು, ಅವನು ಎಷ್ಟು ದೂರ ನಡೆದುಬಂದ ಎಂಬುದೂ ಕಾಣಬೇಕು. ಕ್ಯಾಮೆರಾ ಕಲಿತ ನಿರ್ದೇಶಕನಾದ್ದರಿಂದಲೇ ಇಂಥ ಕಥೆಗೆ ಧೈರ್ಯವಾಗಿ ಕೈಹಾಕಿದರು ಎಂದು ನನ್ನ ನಂಬಿಕೆ.

ದುಡಿಯುವವನು ದೇಶಕ್ಕಾಗಿ ಜೀವ ಕೊಡುವುದು ಆ ಕಾಲದ ಸಿದ್ಧ ಅಚ್ಚು, ನಿಜ. ಗ್ಯಿಕಾ ಅವರದೇ 1968ರ ‘ತೆರೆದ ದಿಗಂತಗಳು’ ಚಿತ್ರದ್ದೂ ಅದೇ ದಾರಿ. ಆದರೆ ‘ಬಿಳಿಯ ಹಾದಿಗಳು’ ಚಿತ್ರದಲ್ಲಿ ಒಬ್ಬಂಟಿ ಮನುಷ್ಯನ ಚಳಿ ಘೋಷಣೆಗಿಂತ ಮೊದಲು ನಮ್ಮನ್ನು ತಟ್ಟುತ್ತದೆ.

1982ರಲ್ಲಿ ಅವರು 1912ರ ಸ್ವಾತಂತ್ರ್ಯ ಘೋಷಣೆಯ ಕುರಿತು ‘ಎರಡನೆಯ ನವೆಂಬರ್’ ಎಂಬ ಬಣ್ಣದ ಚಿತ್ರ ಮಾಡಿದರು. 2009ರಲ್ಲಿ ತೀರಿಕೊಂಡರು. ಅದಕ್ಕೂ ಮೊದಲೇ, ಕಮ್ಯುನಿಸ್ಟ್ ಆಡಳಿತ ಬಿದ್ದ ಬೆನ್ನಿಗೇ ಹಳೆಯ ಸ್ಟುಡಿಯೊ ವ್ಯವಸ್ಥೆಯೂ ಕುಸಿದಿತ್ತು. ಆ ಕಾಲದ ರೀಲುಗಳು ಈಗ ಟಿರಾನಾದ ಕೇಂದ್ರೀಯ ಚಲನಚಿತ್ರ ಭಂಡಾರದಲ್ಲಿವೆ. ನೋಡಲು ಅವಕಾಶ ಸಿಕ್ಕರೆ ‘ಬಿಳಿಯ ಹಾದಿಗಳು’ ಚಿತ್ರದಿಂದಲೇ ಶುರುಮಾಡಿ. ಭಾಷೆ ತಿಳಿಯದಿದ್ದರೂ ಕಥೆ ಅರ್ಥವಾಗುತ್ತದೆ.