ಸುತ್ತಿಗೆ ಸದ್ದು ಕೇಳಿಸದ ಹಾಗೆ ಮಾಡಬಹುದೇ?

ಪ್ರಶ್ನೆ: ನನಗೆ 63 ವರ್ಷ. ಸಕ್ಕರೆ ಕಾಯಿಲೆ, ಬಿಪಿ ಎರಡೂ ಇವೆ. ಮುಂದಿನ ತಿಂಗಳು ಬಲಮಂಡಿಯ ಕೀಲು ಬದಲಿಸುವ ಆಪರೇಷನ್. ಬೆನ್ನಿಗೆ ಇಂಜೆಕ್ಷನ್ ಕೊಟ್ಟು ಸೊಂಟದ ಕೆಳಗೆ ಮರಗಟ್ಟಿಸುತ್ತಾರಂತೆ. ಸಿಸೇರಿಯನ್‌ನಲ್ಲಿ ಹಾಗೆ ಮಾಡಿಸಿಕೊಂಡ ನನ್ನ ತಂಗಿಗೆ ಇವತ್ತಿಗೂ ಸೊಂಟನೋವು. ಕಾಲೇ ಬಿದ್ದುಹೋದರೆ ಏನು ಗತಿ? ಎಚ್ಚರವಾಗಿದ್ದು ಸುತ್ತಿಗೆ ಸದ್ದು ಕೇಳುವ ಧೈರ್ಯವೂ ನನಗಿಲ್ಲ. ಪೂರ್ತಿ ಪ್ರಜ್ಞೆ ತಪ್ಪಿಸಿ ಎಂದು ಕೇಳಲೇ?
– ಹೆಸರು ಬೇಡ, ತಿಪಟೂರು

ಉತ್ತರ: ಧಾರಾಳವಾಗಿ ಕೇಳಿ ಅಮ್ಮಾ. ಆದರೆ ನೀವು ಬರೆದಿರುವುದು ಎರಡು ಬೇರೆ ಬೇರೆ ಹೆದರಿಕೆ. ಒಂದೊಂದಾಗಿ ನೋಡೋಣ.

ದೊಡ್ಡವರಲ್ಲಿ ಮಿದುಳುಬಳ್ಳಿ ಸೊಂಟದ ಮೊದಲ ಒಂದೆರಡು ಮೂಳೆಗಳ ಮಟ್ಟದಲ್ಲೇ ಮುಗಿಯುತ್ತದೆ. ಸೂಜಿ ಚುಚ್ಚುವುದು ಅದಕ್ಕೂ ಕೆಳಗೆ. ಅಲ್ಲಿ ಇರುವುದು ದ್ರವದಲ್ಲಿ ತೇಲುವ ನರದ ಎಳೆಗಳು ಮಾತ್ರ. ಕಾಲಿನ ಶಕ್ತಿ ಕಾಯಂ ಆಗಿ ಹೋಗುವುದು ತೀರಾ ಅಪರೂಪ. ಚುಚ್ಚಿದ ಜಾಗ ನಾಲ್ಕು ದಿನ ನೋಯಬಹುದು. ನಿಮ್ಮ ತಂಗಿಯ ನೋವು ಸುಳ್ಳೆಂದು ನಾನು ಹೇಳುವುದಿಲ್ಲ. ಬಸಿರಿನಲ್ಲಿ ಸಡಿಲಾದ ಸೊಂಟ, ಆಮೇಲೆ ಬಗ್ಗಿ ಮಗು ಎತ್ತಿದ ವರ್ಷಗಳು, ಇವೂ ನೋವು ಕೊಡುತ್ತವೆ. ನಮ್ಮಲ್ಲಿ ಅಪವಾದವೆಲ್ಲ ಸೂಜಿಯ ತಲೆಗೇ ಬರುತ್ತದೆ. ಈ ಮಾತಿಗೆ ಹೆದರಿ ಆಪರೇಷನ್ನನ್ನೇ ಮುಂದೂಡಿ ನೋವು ತಿನ್ನುವವರನ್ನು ಕಂಡಾಗ ನನಗೆ ಸಂಕಟವಾಗುತ್ತದೆ.

ಬೆನ್ನಿಗೆ ಇಂಜೆಕ್ಷನ್ ಕೊಡುವ ಈ ವಿಧಾನ ಶುರುವಾದದ್ದೇ ಕಾಲಿನ ಆಪರೇಷನ್ನಿನಿಂದ. 1898ರ ಆಗಸ್ಟ್‌ನಲ್ಲಿ ಜರ್ಮನಿಯ ಕೀಲ್ ನಗರದಲ್ಲಿ ಆಗಸ್ಟ್ ಬಿಯರ್ ಎಂಬ ವೈದ್ಯರು ಕೂಲಿಕಾರನೊಬ್ಬನ ಹಿಮ್ಮಡಿ ಗಂಟಿಗೆ ಹೀಗೆ ಶಸ್ತ್ರಚಿಕಿತ್ಸೆ ಮಾಡಿದರು. ಕೆಲವೇ ದಿನಗಳಲ್ಲಿ ತಮ್ಮ ಮೇಲೂ ಪ್ರಯೋಗಿಸಿಕೊಂಡು ದಿನಗಟ್ಟಲೆ ತಲೆನೋವಿನಿಂದ ಮಲಗಿದರು. ಆ ತಲೆನೋವು ಇಂದಿಗೂ ಕೆಲವರಿಗೆ ಬರುವುದುಂಟು. ಆದರೆ ಈಗಿನ ಸೂಜಿಗಳು ಬಹಳ ಸಣ್ಣ, ನಿಮ್ಮ ವಯಸ್ಸಿನವರಲ್ಲಿ ಅದು ಇನ್ನೂ ಕಡಿಮೆ.

ಇನ್ನು ಸದ್ದು. ಬೆನ್ನಿಗೆ ಇಂಜೆಕ್ಷನ್ ಎಂದರೆ ಕಣ್ಣು ಬಿಟ್ಟುಕೊಂಡೇ ಇರಬೇಕೆಂದಲ್ಲ. ಡ್ರಿಪ್‌ನಲ್ಲಿ ನಿದ್ದೆಯ ಔಷಧಿ ಸೇರಿಸುತ್ತಾರೆ, ಎಷ್ಟೋ ಮಂದಿ ಮುಗಿದ ಮೇಲೆಯೇ ಕಣ್ಣು ತೆರೆಯುತ್ತಾರೆ. ಪೂರ್ತಿ ಪ್ರಜ್ಞೆ ತಪ್ಪಿಸುವುದೂ ಇಂದು ಸುರಕ್ಷಿತವೇ. ಗಂಟಲಿಗೆ ಕೊಳವೆ ಇಡುತ್ತಾರೆ, ಎದ್ದಾಗ ಗಂಟಲು ಕೆರೆತ, ವಾಕರಿಕೆ ಬರಬಹುದು. ರಕ್ತ ತೆಳುವಾಗಿಸುವ ಮಾತ್ರೆ ನಡೆಯುತ್ತಿದ್ದರೆ ಹೀಗೆ ಪ್ರಜ್ಞೆ ತಪ್ಪಿಸುವುದೇ ಒಳ್ಳೆಯದಾಗಬಹುದು. ಮಂಡಿಗೆ ನಾನಾದರೆ ಬೆನ್ನಿನ ಇಂಜೆಕ್ಷನ್ನನ್ನೇ ಆರಿಸುತ್ತೇನೆ. ಜತೆಗೆ ತೊಡೆಯ ನರಕ್ಕೆ ಮರಗಟ್ಟಿಸುವ ಇಂಜೆಕ್ಷನ್ (ಬ್ಲಾಕ್) ಕೊಡಲು ಹೇಳಿ, ಮೊದಲ ದಿನದ ನೋವು ತಗ್ಗುತ್ತದೆ.

ಅರಿವಳಿಕೆ ವೈದ್ಯರು ಮೊದಲೇ ನಿಮ್ಮನ್ನು ನೋಡುತ್ತಾರೆ. ‘ನನಗೆ ಸದ್ದು ಕೇಳಿಸಬಾರದು’ ಎಂದು ಅವರಿಗೆ ಹೇಳಿಬಿಡಿ. ನುಂಗುವ ಪ್ರತಿ ಮಾತ್ರೆಯನ್ನೂ, ಅಲುಗಾಡುವ ಹಲ್ಲಿದ್ದರೆ ಅದನ್ನೂ ತೋರಿಸಿ. ಯಾವ ಮಾತ್ರೆಯನ್ನೂ ನೀವಾಗಿ ನಿಲ್ಲಿಸಬೇಡಿ. ಆ ದಿನ ಬೆಳಗ್ಗೆ ಸಕ್ಕರೆ ಮಾತ್ರೆ ಅಥವಾ ಇನ್ಸುಲಿನ್ ಬೇಕೋ ಬೇಡವೋ ಎಂದು ಕೇಳಿ ಬರೆದಿಟ್ಟುಕೊಳ್ಳಿ. ಊಟ ಸಾಮಾನ್ಯವಾಗಿ 6 ಗಂಟೆ ಮೊದಲೇ ನಿಲ್ಲಬೇಕು, ಬರೀ ನೀರಾದರೆ 2 ಗಂಟೆ ಮೊದಲಿನವರೆಗೂ ಕುಡಿಯಬಹುದು. ಹಾಲು ಹಾಕಿದ ಕಾಫಿಯೂ ಊಟದ ಲೆಕ್ಕವೇ. ‘ಒಂದು ಲೋಟ ತಾನೇ’ ಎಂದು ಮನೆಯವರು ಕೊಟ್ಟರೂ ಬೇಡ.

ಆಪರೇಷನ್ ಮುಗಿದ ಮೇಲೂ ಕೆಲವು ಗಂಟೆ ಕಾಲು ನಿಮ್ಮದಲ್ಲ ಅನ್ನಿಸುತ್ತದೆ. ಮೊದಲು ಬೆರಳು ಅಲುಗುತ್ತದೆ, ಆಮೇಲೆ ಮಂಡಿ. ಆಗಲೂ ಸಿಸ್ಟರ್ ಬಂದು ಹಿಡಿದುಕೊಳ್ಳುವವರೆಗೆ ಮಂಚದಿಂದ ಇಳಿಯಬೇಡಿ.