ಶಿಕ್ಷಕರ ನೇಮಕಾತಿ: ಪುಣೆ ಓದುಗರ ಪ್ರಶ್ನೆಗಳಿಗೆ ಕಾನೂನು ಸಲಹೆ

ಪ್ರಶ್ನೆ: ಟಿಇಟಿ (ಶಿಕ್ಷಕರ ಅರ್ಹತಾ ಪರೀಕ್ಷೆ) ಪಾಸಾಗಿದ್ದೇನೆ, ಟೇಟ್ (ಶಿಕ್ಷಕರ ಅಭಿಯೋಗ್ಯತೆ ಮತ್ತು ಬುದ್ಧಿಮತ್ತೆ ಪರೀಕ್ಷೆ) ಕೂಡ ಬರೆದಿದ್ದೇನೆ. ದುಡ್ಡು ಕೊಟ್ಟವರಿಗೇ ಕೆಲಸ ಎಂದು ಗೆಳೆಯರು ಹೇಳುತ್ತಾರೆ. ಪ್ರಾಮಾಣಿಕವಾಗಿ ಬರೆದ ನನ್ನ ಗತಿ ಏನು?
— ಓದುಗರು, ಪಿಂಪ್ರಿ

ಉತ್ತರ: ನಿಮ್ಮ ಭಯ ಗಾಳಿಮಾತಿನಿಂದ ಹುಟ್ಟಿದ್ದಲ್ಲ. 2019-20ರ ಟಿಇಟಿಯಲ್ಲಿ ಅಂಕ ತಿದ್ದಿಸಿಕೊಂಡ ಹಗರಣ ಹೊರಬಿದ್ದದ್ದು ಪುಣೆಯಲ್ಲೇ. ಮಹಾರಾಷ್ಟ್ರ ರಾಜ್ಯ ಪರೀಕ್ಷಾ ಪರಿಷತ್ತಿನ ಆಗಿನ ಆಯುಕ್ತರನ್ನೇ 2021ರ ಡಿಸೆಂಬರಿನಲ್ಲಿ ಪುಣೆ ಪೊಲೀಸರು ಬಂಧಿಸಿದರು. ಮುಂದಿನ ವರ್ಷ 7,800ಕ್ಕೂ ಹೆಚ್ಚು ಅಭ್ಯರ್ಥಿಗಳ ಫಲಿತಾಂಶ ರದ್ದಾಯಿತು.

ಆದರೆ ಇದರಲ್ಲೇ ನಿಮಗೆ ಧೈರ್ಯ ಕೊಡುವ ಒಂದು ಸಂಗತಿ ಇದೆ. ಇಲ್ಲಿ ತಪ್ಪು ಮಾಡಿದವರನ್ನು ಹೆಸರು ಹೆಸರಾಗಿ ಬೇರೆ ಮಾಡಲು ಸಾಧ್ಯವಾಯಿತು, ಉಳಿದವರ ಪ್ರಮಾಣಪತ್ರ ಉಳಿಯಿತು. ಪಶ್ಚಿಮ ಬಂಗಾಳದ ಶಾಲಾ ಶಿಕ್ಷಕರ ಮತ್ತು ಸಿಬ್ಬಂದಿಯ ನೇಮಕಾತಿಯಲ್ಲಿ ಹಾಗಾಗಲಿಲ್ಲ. ಅಲ್ಲಿ ಮೂಲ ಉತ್ತರ ಹಾಳೆಗಳನ್ನೇ ನಾಶ ಮಾಡಲಾಗಿತ್ತು. ಕಳಂಕಿತರು ಯಾರು, ನಿರ್ದೋಷಿಗಳು ಯಾರು ಎಂದು ವಿಂಗಡಿಸುವ ದಾರಿ ಉಳಿದಿಲ್ಲವೆಂದು ಸುಪ್ರೀಂ ಕೋರ್ಟ್ 2025ರ ಏಪ್ರಿಲ್ 3ರಂದು 25 ಸಾವಿರಕ್ಕೂ ಹೆಚ್ಚು ನೇಮಕಾತಿಗಳನ್ನು ಒಟ್ಟಿಗೇ ರದ್ದು ಮಾಡಿತು. ಕಷ್ಟಪಟ್ಟು ಓದಿ ಬಂದವರೂ ಬೀದಿಗೆ ಬಿದ್ದರು. ಅದು ಈಗಲೂ ನನ್ನ ಮನಸ್ಸಿಗೆ ನೋವು ಕೊಡುವ ವಿಷಯ.

ಹಾಗಾಗಿ ನಿಮ್ಮ ಕಾಗದಪತ್ರ ನೀವೇ ಕಾಪಾಡಿಕೊಳ್ಳಿ. ಹಾಲ್ ಟಿಕೆಟ್, ಟಿಇಟಿ ಪ್ರಮಾಣಪತ್ರ, ಟೇಟ್ ಅಂಕಪಟ್ಟಿ, ಶಿಕ್ಷಕರ ನೇಮಕಾತಿಯ ‘ಪವಿತ್ರ’ ಪೋರ್ಟಲಿನಲ್ಲಿ ನೀವು ತುಂಬಿದ ಶಾಲೆಗಳ ಆದ್ಯತಾ ಪಟ್ಟಿ, ಇಷ್ಟನ್ನೂ ಮುದ್ರಿಸಿ ಒಂದು ಫೈಲಿನಲ್ಲಿಡಿ. ಆಯ್ಕೆ ಪಟ್ಟಿಯಲ್ಲಿ ಏನೋ ಎಡವಟ್ಟಾಗಿದೆ ಎನಿಸಿದರೆ ಮಾಹಿತಿ ಹಕ್ಕಿನಡಿ 10 ರೂಪಾಯಿ ಕಟ್ಟಿ ಅರ್ಜಿ ಕೊಡಿ. 30 ದಿನದೊಳಗೆ ಉತ್ತರ ಬರಬೇಕು. ಇನ್ನೊಬ್ಬರ ಅಂಕ ಖಾಸಗಿ ವಿಷಯ ಎಂದು ಅಧಿಕಾರಿ ಹೇಳಿದರೆ ಅಷ್ಟಕ್ಕೇ ಕೈಬಿಡಬೇಡಿ. ಪುಣೆ ಜಿಲ್ಲಾ ನ್ಯಾಯಾಲಯದ ಗುಮಾಸ್ತರ ನೇಮಕಾತಿ ಪ್ರಕರಣದಲ್ಲಿ ಬಾಂಬೆ ಹೈಕೋರ್ಟ್ 2024ರ ನವೆಂಬರಿನಲ್ಲಿ, ಸಾರ್ವಜನಿಕ ಹುದ್ದೆಗೆ ಸ್ಪರ್ಧಿಸಿದವರ ಅಂಕಗಳನ್ನು ತಿಳಿಸಬೇಕೆಂದೇ ಆಗಿನ ಕಾನೂನಿನಡಿ ಹೇಳಿತ್ತು.

ಅದೇ ತಿಂಗಳು 7ರಂದು ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ ಇನ್ನೊಂದು ಮಾತು ಹೇಳಿತು: ನೇಮಕಾತಿ ಶುರುವಾದ ಮೇಲೆ, ನಿಯಮಾವಳಿಯಲ್ಲಿ ಅವಕಾಶವಿಲ್ಲದಿದ್ದರೆ, ಆಯ್ಕೆಯ ಮಾನದಂಡವನ್ನು ನಡುವೆ ಬದಲಿಸುವಂತಿಲ್ಲ. ಆದರೆ ಆಯ್ಕೆ ಪಟ್ಟಿಯಲ್ಲಿ ಹೆಸರು ಬಂದ ಮಾತ್ರಕ್ಕೆ ಹುದ್ದೆ ನಿಮ್ಮದಾಗುವುದಿಲ್ಲ ಎಂದೂ ಅದೇ ತೀರ್ಪು ಹೇಳುತ್ತದೆ. ನಿಮಗಿರುವ ಹಕ್ಕು ನ್ಯಾಯವಾದ ಪರಿಗಣನೆಯದು. ನಿಯಮ ಸರಿಯಿಲ್ಲ ಎನಿಸಿದರೆ ಆಗಲೇ ಲಿಖಿತವಾಗಿ ಆಕ್ಷೇಪಿಸಿ. ಸುಮ್ಮನೆ ಪರೀಕ್ಷೆ ಬರೆದು, ಫಲಿತಾಂಶ ಬಂದ ಮೇಲೆ ನಿಯಮವನ್ನು ಹಳಿದರೆ ನ್ಯಾಯಾಲಯಗಳು ಸಾಮಾನ್ಯವಾಗಿ ಕಿವಿಗೊಡುವುದಿಲ್ಲ. ಜಿಲ್ಲಾ ಪರಿಷತ್ತು, ಮಹಾನಗರಪಾಲಿಕೆ ಶಾಲೆಗಳ ವ್ಯಾಜ್ಯಕ್ಕೆ ರಿಟ್ ಅರ್ಜಿ (ಸರ್ಕಾರಿ ಕ್ರಮವನ್ನು ಹೈಕೋರ್ಟಿನಲ್ಲಿ ಪ್ರಶ್ನಿಸುವ ಅರ್ಜಿ) ಹಾಕಬೇಕಾದರೆ ಪುಣೆಯವರು ಮುಂಬೈಗೇ ಹೋಗಬೇಕು. 2025ರ ಆಗಸ್ಟಿನಲ್ಲಿ ಆರಂಭವಾದ ಕೊಲ್ಹಾಪುರ ಪೀಠದ ವ್ಯಾಪ್ತಿಗೆ ಸೊಲ್ಲಾಪುರ, ಸಾಂಗ್ಲಿ ಬರುತ್ತವೆ, ಪುಣೆ ಬರುವುದಿಲ್ಲ.

ಪ್ರಶ್ನೆ: ಕನ್ನಡ ಮಾಧ್ಯಮದ ಶಾಲೆಯಲ್ಲಿ 2004ರಿಂದ ಪ್ರಾಥಮಿಕ ಶಿಕ್ಷಕಿ. ವಯಸ್ಸು 48. ಈಗ ಟಿಇಟಿ ಪಾಸಾಗದಿದ್ದರೆ ಮನೆಗೆ ಕಳಿಸುತ್ತಾರಂತೆ. ರಾತ್ರಿ ನಿದ್ದೆ ಬರುತ್ತಿಲ್ಲ.
— ಹೆಸರು ಬೇಡ, ಹಡಪಸರ

ಉತ್ತರ: ಇಪ್ಪತ್ತು ವರ್ಷ ಮಕ್ಕಳಿಗೆ ಅಕ್ಷರ ತಿದ್ದಿಸಿದವರಿಗೆ ಈ ಸುದ್ದಿ ಕೇಳಿ ಎದೆ ಒಡೆದರೆ ಆಶ್ಚರ್ಯವಿಲ್ಲ. ಮೊದಲು ಸಮಾಧಾನ ಮಾಡಿಕೊಳ್ಳಿ, ನಾಳೆಯೇ ನಿಮ್ಮನ್ನು ಯಾರೂ ತೆಗೆಯುವುದಿಲ್ಲ. 2025ರ ಸೆಪ್ಟೆಂಬರ್ 1ರ ಸುಪ್ರೀಂ ಕೋರ್ಟ್ ತೀರ್ಪಿನ ಪ್ರಕಾರ, ನಿವೃತ್ತಿಗೆ ಐದು ವರ್ಷಕ್ಕಿಂತ ಹೆಚ್ಚು ಬಾಕಿ ಇರುವವರಿಗೆ ಟಿಇಟಿ ಪಾಸಾಗಲು ಆ ದಿನದಿಂದ ಎರಡು ವರ್ಷ ಸಮಯವಿದೆ. ಐದು ವರ್ಷಕ್ಕಿಂತ ಕಡಿಮೆ ಇರುವವರು ಹಾಗೆಯೇ ಮುಂದುವರಿಯಬಹುದು, ಬಡ್ತಿ ಬೇಕೆಂದರೆ ಮಾತ್ರ ಪಾಸಾಗಬೇಕು.

ಆದರೆ ಅದಕ್ಕೂ ಮೊದಲು ನಿಮ್ಮ ಮುಖ್ಯಾಧ್ಯಾಪಕರ ಬಳಿ ಒಂದು ಕಾಗದ ಕೇಳಿ: ಶಾಲೆಗೆ ಭಾಷಾ ಅಲ್ಪಸಂಖ್ಯಾತ ಸಂಸ್ಥೆಯ ಪ್ರಮಾಣಪತ್ರ ಇದೆಯೇ? ಮಹಾರಾಷ್ಟ್ರದಲ್ಲಿ ಕನ್ನಡಿಗರು ಭಾಷಾ ಅಲ್ಪಸಂಖ್ಯಾತರು. ಧರ್ಮ ಅಥವಾ ಭಾಷೆಯ ಅಲ್ಪಸಂಖ್ಯಾತರು ಸ್ಥಾಪಿಸಿ ನಡೆಸುವ ಶಾಲೆಗಳ ಪ್ರಶ್ನೆಯನ್ನು ಅದೇ ತೀರ್ಪು ದೊಡ್ಡ ಪೀಠಕ್ಕೆ ಒಪ್ಪಿಸಿ, ಅದು ಇತ್ಯರ್ಥವಾಗುವವರೆಗೆ ಅವುಗಳನ್ನು ಹೊರಗಿಟ್ಟಿದೆ. ಪಾಠ ಕನ್ನಡದಲ್ಲಿ ನಡೆದರೆ ಸಾಲದು. ಮಹಾನಗರಪಾಲಿಕೆ ನಡೆಸುವ ಕನ್ನಡ ಶಾಲೆ ಅಲ್ಪಸಂಖ್ಯಾತ ಸಂಸ್ಥೆಯಾಗುವುದಿಲ್ಲ. ಕನ್ನಡಿಗರ ಸಂಸ್ಥೆ ಕಟ್ಟಿ ನಡೆಸುವ ಶಾಲೆ ಆಗಬಹುದು.

ಆ ಕಾಗದ ಸಿಕ್ಕರೂ ಪರೀಕ್ಷೆ ಬರೆಯಿರಿ ಎಂದೇ ನನ್ನ ಸಲಹೆ. ದೊಡ್ಡ ಪೀಠ ಏನು ಹೇಳುತ್ತದೆಂದು ಕಾಯುತ್ತಾ ಕೂರುವುದು ಬೇಡ. ಒಂದರಿಂದ ಐದನೇ ತರಗತಿಯವರಿಗೆ ಮೊದಲ ಪತ್ರಿಕೆ: ಒಟ್ಟು 150 ಅಂಕ, ಸಾಮಾನ್ಯ ವರ್ಗಕ್ಕೆ 90 ಬಂದರೆ ಪಾಸು. ತಪ್ಪು ಉತ್ತರಕ್ಕೆ ಅಂಕ ಕಡಿತವಿಲ್ಲ, ಆದ್ದರಿಂದ ಯಾವ ಪ್ರಶ್ನೆಯನ್ನೂ ಖಾಲಿ ಬಿಡಬೇಡಿ. ಗಣಿತ, ಪರಿಸರ ಅಧ್ಯಯನ ನೀವು ದಿನವೂ ಕಲಿಸುವ ವಿಷಯಗಳೇ. ಮಕ್ಕಳ ಮನೋವಿಕಾಸದ 30 ಅಂಕಗಳ ಭಾಗಕ್ಕೆ ಮಾತ್ರ ಡಿ.ಇಡಿ. ಪುಸ್ತಕಗಳನ್ನು ಮತ್ತೆ ತೆರೆಯಬೇಕು. ದಿನಕ್ಕೆ ಒಂದು ಗಂಟೆಯಂತೆ ಇವತ್ತೇ ಶುರು ಮಾಡಿ.

ಪ್ರಶ್ನೆ: ವಿಜಯಪುರದವಳು, ಮದುವೆಯಾಗಿ ಪುಣೆಗೆ ಬಂದೆ. ಕರ್ನಾಟಕದ ಪರಿಶಿಷ್ಟ ಜಾತಿ ಪ್ರಮಾಣಪತ್ರ ಇಲ್ಲಿನ ಶಿಕ್ಷಕರ ನೇಮಕಾತಿಗೆ ನಡೆಯುತ್ತದೆಯೇ?
— ಓದುಗರು, ಕಾತ್ರಜ

ಉತ್ತರ: ಮೀಸಲಾತಿಗೆ ನಡೆಯುವುದಿಲ್ಲ, ತಾಯಿ. ಒಂದು ರಾಜ್ಯದ ಮೀಸಲಾತಿ ಇನ್ನೊಂದು ರಾಜ್ಯಕ್ಕೆ ವಲಸೆ ಬಂದವರ ಜೊತೆ ಬರುವುದಿಲ್ಲ ಎಂದು ಸುಪ್ರೀಂ ಕೋರ್ಟ್ 1990ರಿಂದಲೂ ಹೇಳುತ್ತಿದೆ. ಮದುವೆಯಿಂದಲೂ ಅದು ಬದಲಾಗುವುದಿಲ್ಲ. ಇಲ್ಲಿ ನೀವು ಸಾಮಾನ್ಯ ವರ್ಗದಲ್ಲಿ ಸ್ಪರ್ಧಿಸಬೇಕು. ತವರಿನ ಹಕ್ಕು ಮಾತ್ರ ಹಾಗೆಯೇ ಇದೆ. ಕರ್ನಾಟಕದ ನೇಮಕಾತಿಗೆ ಅಲ್ಲಿನ ನಿಯಮದಂತೆ ಅರ್ಜಿ ಹಾಕಬಹುದು. ಹಾಕುವಾಗ ಪ್ರಮಾಣಪತ್ರ ಯಾರ ಹೆಸರಿನ ಮೂಲಕ ಇರಬೇಕೆಂದು ಅಧಿಸೂಚನೆಯನ್ನು ಎರಡು ಸಲ ಓದಿ. ಕರ್ನಾಟಕದ 15,000 ಪದವೀಧರ ಪ್ರಾಥಮಿಕ ಶಿಕ್ಷಕರ ನೇಮಕಾತಿಯಲ್ಲಿ ಹಿಂದುಳಿದ ವರ್ಗದ ಎಷ್ಟೋ ವಿವಾಹಿತ ಹೆಣ್ಣುಮಕ್ಕಳು, ಜಾತಿ-ಆದಾಯ ಪತ್ರ ತಂದೆಯದೋ ಗಂಡನದೋ ಎಂಬ ಒಂದೇ ಪ್ರಶ್ನೆಗೆ ಹೈಕೋರ್ಟ್ ಅಲೆಯಬೇಕಾಯಿತು. ಮಹಾರಾಷ್ಟ್ರದ ಫಾರಂನಲ್ಲಿ ಮಾತ್ರ ತಪ್ಪಿಯೂ ಮೀಸಲು ವರ್ಗ ಎಂದು ಗುರುತು ಹಾಕಬೇಡಿ. ದಾಖಲೆ ಪರಿಶೀಲನೆಯ ದಿನ ಅದೊಂದೇ ಕಾರಣಕ್ಕೆ ಆಯ್ಕೆ ಕೈತಪ್ಪಬಹುದು.