ಮದರಂಗಿಯ ಮೇಲೆ ಸಲೂನಿನ ಬಣ್ಣ

ಸಲೂನುಗಳ ಶಾಶ್ವತ ಬಣ್ಣವು ಹೈಡ್ರೋಜನ್ ಪೆರಾಕ್ಸೈಡಿನ ನೆರವಿನಿಂದ ಕೂದಲಿನ ಒಳಗೇ ರೂಪುಗೊಳ್ಳುವುದರಿಂದ, ಅಲ್ಲಿ ಮೊದಲೇ ಏನು ಸೇರಿಕೊಂಡಿದೆ ಎಂಬುದು ಮುಖ್ಯವಾಗುತ್ತದೆ. ಶುದ್ಧ ಮದರಂಗಿಯ ವರ್ಣದ್ರವ್ಯವಾದ ಲಾಸೋನ್ ಕೂದಲಿನ ಪ್ರೋಟೀನಾದ ಕೆರಾಟಿನ್ನಿಗೆ ಬಲವಾಗಿ ಅಂಟಿಕೊಳ್ಳುವುದರಿಂದ ಅದನ್ನು ಬ್ಲೀಚ್ ಮಾಡಿ ತೆಗೆಯುವುದು ಕಷ್ಟವಾದರೂ, ಅದರ ಮೇಲೆ ಗಾಢ ಬಣ್ಣ ಹಚ್ಚಲು ಸಾಮಾನ್ಯವಾಗಿ ಅಡ್ಡಿಯಿಲ್ಲ. ನಿಜವಾದ ಅಪಾಯವಿರುವುದು ಸೀಸ, ಬೆಳ್ಳಿ, ತಾಮ್ರದಂಥ ಲೋಹಗಳ ಲವಣ ಬೆರೆತ ಪುಡಿಗಳಲ್ಲಿ (ಇವು ಗಿಡಮೂಲಿಕೆಯ ಹೆಸರಿನಲ್ಲೂ ಬರಬಹುದು). ಆ ಲವಣಗಳು ಪೆರಾಕ್ಸೈಡಿನೊಡನೆ ವರ್ತಿಸಿ ಶಾಖ ಹೊಮ್ಮಿಸಿದಾಗ ಕೂದಲು ತುಂಡಾಗಬಹುದು, ಬಣ್ಣ ಹಸಿರಿಗೆ ತಿರುಗಲೂಬಹುದು. ಆದ್ದರಿಂದ ಹಿಂದೆ ಹಚ್ಚಿದ್ದನ್ನೆಲ್ಲ ಮುಚ್ಚಿಡದೆ ತಿಳಿಸಿ, ಕತ್ತರಿಸಿದ ಒಂದೆಳೆಯನ್ನು ಶೇ. 6ರ ಪೆರಾಕ್ಸೈಡಿಗೆ ಕೆಲವು ಹನಿ ಅಮೋನಿಯಾ ಬೆರೆಸಿದ ದ್ರಾವಣದಲ್ಲಿ 30 ನಿಮಿಷ ನೆನೆಸಿ ಪರೀಕ್ಷಿಸುವಂತೆ ಕೇಳುವುದು ಒಳಿತು. ದ್ರಾವಣ ಬಿಸಿಯಾದರೆ ಬಣ್ಣ ಹಚ್ಚಿಸಿಕೊಳ್ಳಲೇಬಾರದು.